ಹಳೆ ಸಾಮಾನಿನ ದೀಪ

ತನ್ನ ವಾದಕ್ಕೆ ಎಲ್ಲೆಲ್ಲಿ ಪೆಟ್ಟು ಬೀಳಬಹುದು ಎಂಬುದನ್ನು ಎದುರಾಳಿಗಿಂತ ಮೊದಲೇ ಹೇಳಿಬಿಡುವ ಅಭ್ಯಾಸ ಚಾರ್ಲ್ಸ್ ಡಾರ್ವಿನ್‌ಗೆ ಇತ್ತು. 1859ರಲ್ಲಿ ಬಂದ ಅವನ ಮಹಾಗ್ರಂಥದಲ್ಲಿ ಸಿದ್ಧಾಂತದ ತೊಡಕುಗಳಿಗೆಂದೇ ಒಂದು ಅಧ್ಯಾಯವಿದೆ. ಅದರಲ್ಲಿ ವಿದ್ಯುತ್ತಿನ ಆಘಾತ ಕೊಡುವ ಮೀನುಗಳ ಬಗ್ಗೆ ಸಾಕಷ್ಟು ತಲೆ ಕೆಡಿಸಿಕೊಂಡು, ಹೊಳೆಯುವ ಕೀಟಗಳದ್ದೂ ಅಂಥದ್ದೇ ಸಮಸ್ಯೆ ಎಂದು ಚುಟುಕಾಗಿ ಹೇಳಿ ಮುಂದಕ್ಕೆ ಹೋಗುತ್ತಾನೆ. ಸಮಸ್ಯೆ ಇಷ್ಟು: ಬೆಳಕು ಬೀರುವ ಅಂಗ ಇರುವುದು ಕೆಲವೇ ಕೀಟಗಳಲ್ಲಿ, ಅವೂ ಒಂದೇ ಮನೆತನದವಲ್ಲ. ಅದು ಒಬ್ಬ ಪೂರ್ವಜನಿಂದ ಬಂದ ಬಳುವಳಿಯಾಗಿದ್ದರೆ, ನಡುವಿನ ಲೆಕ್ಕವಿಲ್ಲದಷ್ಟು ಬಗೆಯ ಕೀಟಗಳು ಅದನ್ನು ಕಳೆದುಕೊಂಡಿದ್ದೇಕೆ? ಬೇರೆಬೇರೆಯಾಗಿ ಹುಟ್ಟಿದ್ದಾದರೆ, ಮೈಯೊಳಗೆ ದೀಪ ಹಚ್ಚಿಕೊಳ್ಳುವಂಥ ದುಸ್ತರವಾದ ಕೆಲಸ ಮತ್ತೆ ಮತ್ತೆ ಕೈಗೂಡಿದ್ದು ಹೇಗೆ?

ಉತ್ತರ ಸಿಗಲು ಒಂದೂವರೆ ಶತಮಾನ ಬೇಕಾಯಿತು. ಸಿಕ್ಕಿದ ಸುದ್ದಿ ಮಾತ್ರ ಜನಪ್ರಿಯ ಬರಹಗಳನ್ನು ಇನ್ನೂ ಮುಟ್ಟಿದಂತಿಲ್ಲ. ಅಲ್ಲಿ ಈಗಲೂ ಹೊಳೆಯುವ ಹುಳು ಎಂದರೆ ಪ್ರಕೃತಿಯ ಪರಿಪೂರ್ಣತೆಗೆ ಸಾಕ್ಷಿ. ತಣ್ಣನೆಯ ಬೆಳಕು, ಹನಿಯಷ್ಟೂ ಶಕ್ತಿ ಪೋಲಾಗದ ದೀಪ, ಮನುಷ್ಯನಿಗೆ ಎಟುಕದ ಎಂಜಿನಿಯರಿಂಗ್ ಎಂಬ ವರ್ಣನೆ. ಆಸ್ತಿಕರು ಇದರಲ್ಲಿ ದೇವರ ಕೈವಾಡ ಕಾಣುತ್ತಾರೆ, ವಿಜ್ಞಾನದ ಅಭಿಮಾನಿಗಳು ವಿಕಾಸದ ಕೈಚಳಕ ಕಾಣುತ್ತಾರೆ. ಮೆಚ್ಚುಗೆಯ ಧಾಟಿ ಇಬ್ಬರದೂ ಒಂದೇ. ನನ್ನ ವಾದ ಇದಕ್ಕೆ ತದ್ವಿರುದ್ಧ. ಹೊಳೆಯುವ ಹುಳುವಿನ ಮೈಯಲ್ಲಿ ಯಾವ ನೀಲನಕ್ಷೆಯೂ ಇಲ್ಲ. ಮನೆಯಲ್ಲಿ ಬಿದ್ದಿದ್ದ ಸಾಮಾನನ್ನೇ ಹೊಂದಿಸಿ ಮಾಡಿದ ದೀಪ ಅದು. ಹಾಗೆಂದು ತಿಳಿದಾಗಲೇ ಅದರ ಬೆರಗೂ ಅರ್ಥವಾಗುತ್ತದೆ, ಅದರ ಅಪಾಯವೂ ಅರ್ಥವಾಗುತ್ತದೆ.

ನ್ಯೂಜಿಲೆಂಡಿನ ಉತ್ತರ ದ್ವೀಪದಲ್ಲಿ ವೈಟೊಮೊ ಎಂಬ ಸುಣ್ಣಕಲ್ಲಿನ ಗುಹೆಗಳಿವೆ. 1887ರಲ್ಲಿ ಅಲ್ಲಿನ ಮಾವೊರಿ ಮುಖಂಡ ಟಾನೆ ಟಿನೊರಾವು ಮತ್ತು ಫ್ರೆಡ್ ಮೇಸ್ ಎಂಬ ಇಂಗ್ಲಿಷ್ ಸರ್ವೇಯರ್ ಜೊಂಡಿನ ತೆಪ್ಪದ ಮೇಲೆ, ಮೇಣದ ಬತ್ತಿ ಹಿಡಿದು, ತೊರೆಯ ಹಾದಿಯಲ್ಲಿ ಒಳಹೊಕ್ಕರು. ಎರಡೇ ವರ್ಷದಲ್ಲಿ ಗುಹೆ ಪ್ರವಾಸಿಗರಿಗೆ ತೆರೆಯಿತು. ಇಂದಿಗೂ ಜನ ದೋಣಿಯಲ್ಲಿ ಕೂತು ಕತ್ತೆತ್ತಿ ನೋಡುವುದು ಚಾವಣಿಯ ತುಂಬ ಹರಡಿದ ನೀಲಿಹಸಿರು ಚುಕ್ಕಿಗಳನ್ನು. ನಕ್ಷತ್ರಲೋಕ ಎಂಬ ಉಪಮೆ ಅಲ್ಲಿ ಸವೆದು ಹೋಗಿದೆ. ನಿಜಕ್ಕೂ ಅಲ್ಲಿ ನಡೆಯುತ್ತಿರುವುದು ಬೇಟೆ.

ಚಾವಣಿಗೆ ಅಂಟಿಕೊಂಡಿರುವುದು ಅರಾಕ್ನೋಕ್ಯಾಂಪಾ ಲ್ಯುಮಿನೋಸಾ ಎಂಬ ನುಸಿಯ ಮರಿಹುಳು. ನಮ್ಮ ಮಿಂಚುಹುಳು ಜೀರುಂಡೆಗಳ ಬಳಗದ್ದು; ಇದು ನೊಣ–ಸೊಳ್ಳೆಗಳ ಬಳಗದ್ದು, ಅಣಬೆ ನುಸಿಗಳ ಹತ್ತಿರದ ಸಂಬಂಧಿ. 1871ರಲ್ಲಿ ಥೇಮ್ಸ್ ಪ್ರದೇಶದ ಚಿನ್ನದ ಗಣಿಯಲ್ಲಿ ಇದನ್ನು ಹಿಡಿದವರು ಯುರೋಪಿನ ಹೊಳೆಯುವ ಜೀರುಂಡೆಯ ನೆಂಟನಿರಬೇಕು ಎಂದುಕೊಂಡಿದ್ದರು. ಮೊಟ್ಟೆಯಿಂದ ಬಂದಾಗ ಮೂರು ನಾಲ್ಕು ಮಿಲಿಮೀಟರ್ ಉದ್ದದ ಈ ಮರಿ ಮೂರು ಸೆಂಟಿಮೀಟರಿನವರೆಗೆ ಬೆಳೆಯುತ್ತದೆ. ಲೋಳೆ ಮತ್ತು ರೇಷ್ಮೆಯಿಂದ ಮಲಗುವ ಜೋಲಿಯೊಂದನ್ನು ಹೆಣೆದುಕೊಂಡು, ಅದರಿಂದ ಕೆಳಕ್ಕೆ ಹತ್ತಾರು ಎಳೆಗಳನ್ನು ಇಳಿಬಿಡುತ್ತದೆ. ಒಂದೊಂದು ಎಳೆಯಲ್ಲೂ ಮಣಿ ಪೋಣಿಸಿದಂತೆ ಅಂಟಿನ ಹನಿಗಳು. ಕಾಡಿನಲ್ಲಿ ಗಾಳಿಗೆ ಎಳೆಗಳು ಸಿಕ್ಕುಬೀಳುವುದರಿಂದ ಅವು ಗಿಡ್ಡ. ಗಾಳಿಯಾಡದ ಗುಹೆಯಲ್ಲಿ ಒಂದಡಿಗೂ ಮೀರಿ ಇಳಿಯುತ್ತವೆ. ತೊರೆಯ ನೀರಿನಿಂದ ಎದ್ದುಬರುವ ಸಣ್ಣ ನುಸಿಗಳು ಬೆಳಕಿನ ಕಡೆ ಹಾರಿ ಎಳೆಗೆ ಸಿಕ್ಕುತ್ತವೆ. ಹುಳು ಎಳೆಯನ್ನು ನುಂಗುತ್ತಾ ನುಂಗುತ್ತಾ ಬೇಟೆಯನ್ನು ಮೇಲಕ್ಕೆಳೆದುಕೊಳ್ಳುತ್ತದೆ. ಈ ಬಾಳು ಆರು ತಿಂಗಳಿಂದ ಒಂದು ವರ್ಷದವರೆಗೆ. ರೆಕ್ಕೆ ಬಂದ ಮೇಲೆ ಇದಕ್ಕೆ ಉಣ್ಣುವ ಬಾಯಿಯೇ ಇಲ್ಲ. ಕೂಡಿ, ಮೊಟ್ಟೆಯಿಟ್ಟು, ಕೆಲವೇ ದಿನಗಳಲ್ಲಿ ಸಾಯುತ್ತದೆ.

ಇನ್ನು ದೀಪದ ವಿಷಯ. ಅದಿರುವುದು ಹುಳುವಿನ ಬಾಲದ ತುದಿಯಲ್ಲಿ, ಮಾಲ್ಪೀಗಿಯನ್ ನಾಳಗಳ ಕೊನೆಯಲ್ಲಿ. ಕೀಟಗಳಲ್ಲಿ ಈ ನಾಳಗಳ ಕೆಲಸ ನಮ್ಮ ಮೂತ್ರಪಿಂಡದ್ದು: ಮೈಯೊಳಗಿನ ಕಸವನ್ನು ಸೋಸಿ ಹೊರಹಾಕುವುದು. ಆ ನಾಳಗಳ ತುದಿಯ ಜೀವಕೋಶಗಳು ಉಬ್ಬಿ, ಕಸುಬು ಬದಲಿಸಿ, ಬೆಳಕು ಕೊಡತೊಡಗಿವೆ. ಅವುಗಳ ಹಿಂದೆ ಹೊಳಪಾದ ಒಂದು ಪದರವಿದ್ದು ಬೆಳಕನ್ನು ಕೆಳಕ್ಕೆ ತಿರುಗಿಸುತ್ತದೆ. ಆ ಕನ್ನಡಿಯಾದರೂ ಏನು? ಉಸಿರಾಟದ ಗಾಳಿನಾಳಗಳ ದಟ್ಟ ಹೆಣಿಗೆ. ಉರಿಯಲು ಬೇಕಾದ ಆಮ್ಲಜನಕ ತರುವುದೂ ಅದೇ, ಬೆಳಕನ್ನು ಪ್ರತಿಫಲಿಸುವುದೂ ಅದೇ. ಮೊದಲಿನಿಂದ ಯೋಚಿಸಿ ದೀಪ ಮಾಡಲು ಹೊರಟ ಯಾವ ಎಂಜಿನಿಯರನೂ ಮೂತ್ರದ ನಾಳದಲ್ಲಿ ಬಲ್ಬು ಕೂರಿಸಿ ಶ್ವಾಸನಾಳವನ್ನು ಕನ್ನಡಿಯಾಗಿ ಬಳಸುತ್ತಿರಲಿಲ್ಲ. ಮಿಂಚುಹುಳುಗಳ ದೀಪವಾದರೋ ಕೊಬ್ಬಿನ ಅಂಗಾಂಶದಿಂದ ರೂಪುಗೊಂಡದ್ದು. ಹುಳು ಬೇರೆ, ಕಚ್ಚಾ ಸಾಮಾನೂ ಬೇರೆ.

ಅಂಗದ ಮಟ್ಟ ಬಿಟ್ಟು ಅಣುಗಳ ಮಟ್ಟಕ್ಕೆ ಇಳಿದರೆ ಕಥೆ ಇನ್ನೂ ಸ್ವಾರಸ್ಯವಾಗುತ್ತದೆ. ಜೀವಿಗಳ ಬೆಳಕಿಗೆ ಬೇಕಾದದ್ದು ಉರಿಯುವ ವಸ್ತು ಒಂದು, ಉರಿಸುವ ಕಿಣ್ವ ಒಂದು ಎಂಬುದನ್ನು ಫ್ರಾನ್ಸಿನ ರಾಫಾಯೆಲ್ ದ್ಯುಬ್ವಾ 1880ರ ದಶಕದಲ್ಲೇ ತೋರಿಸಿದ್ದ. ಮೊದಲನೆಯದು ಲ್ಯುಸಿಫೆರಿನ್, ಎರಡನೆಯದು ಲ್ಯುಸಿಫೆರೇಸ್. 1947ರಲ್ಲಿ ಅಮೆರಿಕದ ಬಾಲ್ಟಿಮೋರಿನಲ್ಲಿದ್ದ ವಿಲಿಯಂ ಮೆಕ್ಎಲ್ರಾಯ್, ಮಿಂಚುಹುಳುವಿನ ಬೆಳಕಿಗೆ ಎಟಿಪಿ ಬೇಕೇ ಬೇಕು ಎಂದು ಕಂಡುಕೊಂಡರು. ಎಟಿಪಿ ಎಂದರೆ ಬ್ಯಾಕ್ಟೀರಿಯಾದಿಂದ ಮನುಷ್ಯನವರೆಗೆ ಎಲ್ಲ ಜೀವಕೋಶಗಳೂ ಖರ್ಚು ಮಾಡುವ ಶಕ್ತಿಯ ನಾಣ್ಯ. ಸಂಶೋಧನೆಗೆ ರಾಶಿ ರಾಶಿ ಹುಳು ಬೇಕಿದ್ದರಿಂದ ಅವರು ಊರಿನ ಮಕ್ಕಳಿಗೆ ಕಾಸು ಕೊಟ್ಟು ಹಿಡಿಸುತ್ತಿದ್ದರು. ಆಹಾರ ಘಟಕ, ಆಸ್ಪತ್ರೆಗಳಲ್ಲಿ ಮೇಜು ನಿಜವಾಗಿ ಸ್ವಚ್ಛವಾಗಿದೆಯೇ ಎಂದು ಹತ್ತಿ ಒರೆಸಿ ಪರೀಕ್ಷಿಸುವ ವಿಧಾನ ಇಂದಿಗೂ ಇದೇ ರಾಸಾಯನಿಕ ಕ್ರಿಯೆಯ ಮೇಲೆ ನಿಂತಿದೆ.

ಲ್ಯುಸಿಫೆರೇಸ್ ಬಂದಿದ್ದಾದರೂ ಎಲ್ಲಿಂದ? ಎಲ್ಲ ಜೀವಿಗಳಲ್ಲೂ ಕೊಬ್ಬಿನಾಮ್ಲಗಳನ್ನು ಮುಂದಿನ ಬಳಕೆಗೆ ಸಿದ್ಧಪಡಿಸುವ ಒಂದು ಕಿಣ್ವಕುಟುಂಬವಿದೆ. ಕೊಬ್ಬಿನಾಮ್ಲಕ್ಕೆ ಎಟಿಪಿಯ ಒಂದು ತುಣುಕನ್ನು ಅಂಟಿಸಿ ಅದನ್ನು ಚುರುಕುಗೊಳಿಸುವುದು ಅದರ ಕೆಲಸ. ದೀಪಕ್ಕೂ ಮೈಬೆಳಕಿಗೂ ಸಂಬಂಧವೇ ಇಲ್ಲದ, ಅಡುಗೆಮನೆಯ ಆಳಿನಂಥ ಕಿಣ್ವ. ಮಿಂಚುಹುಳುವಿನ ಲ್ಯುಸಿಫೆರೇಸ್ ಈ ಕುಟುಂಬದ್ದೇ. ಹಳೆಯ ಜೀನ್ ಒಂದು ಎರಡಾಗಿ, ಒಂದು ಪ್ರತಿ ಹಳೆಯ ಕೆಲಸ ನೋಡಿಕೊಳ್ಳುತ್ತಿದ್ದರೆ ಇನ್ನೊಂದಕ್ಕೆ ಬದಲಾಗುವ ಸ್ವಾತಂತ್ರ್ಯ ಸಿಕ್ಕಿತು. ವಿಚಿತ್ರವೆಂದರೆ ಬದಲಾದ ಕಿಣ್ವವೂ ತವರಿನ ಕಸುಬು ಮರೆತಿಲ್ಲ. ಜಪಾನಿನ ವಿಜ್ಞಾನಿಗಳು 2003ರಲ್ಲಿ ತೋರಿಸಿದಂತೆ, ಲ್ಯುಸಿಫೆರೇಸ್‌ಗೆ ಕೊಬ್ಬಿನಾಮ್ಲ ಕೊಟ್ಟರೆ ಅದು ಈಗಲೂ ಹಳೆಯ ಕೆಲಸ ಮಾಡುತ್ತದೆ.

2018ರಲ್ಲಿ ಎರಡು ಫಲಿತಾಂಶಗಳು ಬಂದವು. ಮಿಂಚುಹುಳು ಮತ್ತು ಹೊಳೆಯುವ ಕ್ಲಿಕ್ ಜೀರುಂಡೆಗಳ ಪೂರ್ಣ ಜೀನೋಮ್‌ಗಳನ್ನು ಹೋಲಿಸಿದವರು, ಎರಡೂ ಜೀರುಂಡೆಗಳೇ ಆದರೂ ಬೆಳಕನ್ನು ಪ್ರತ್ಯೇಕವಾಗಿಯೇ ಗಳಿಸಿವೆ ಎಂಬ ತೀರ್ಮಾನಕ್ಕೆ ಬಂದರು. ಎರಡೂ ಕೈಹಾಕಿದ್ದು ಅದೇ ಕೊಬ್ಬಿನ ಕಿಣ್ವದ ಕುಟುಂಬಕ್ಕೆ. ನ್ಯೂಜಿಲೆಂಡಿನ ಸಂಶೋಧಕರು ವೈಟೊಮೊ ಹುಳುವಿನ ಜಾತಿಯ ಕಿಣ್ವವನ್ನು ಬೇರ್ಪಡಿಸಿ ನೋಡಿದರೆ ಅದೂ ಇದೇ ಕುಟುಂಬ! ಜೀರುಂಡೆಗೂ ನುಸಿಗೂ ನಡುವೆ ಮೂವತ್ತು ಕೋಟಿ ವರ್ಷಗಳಿಗೂ ಹೆಚ್ಚಿನ ಅಂತರವಿದೆ. ಆದರೆ ಉರಿಯುವ ವಸ್ತು ಪೂರಾ ಬೇರೆ. ಮಿಂಚುಹುಳುವಿನ ಲ್ಯುಸಿಫೆರಿನ್‌ಗೆ ಸಿಸ್ಟೀನ್ ಎಂಬ ಅಮೈನೋ ಆಮ್ಲ ಮೂಲವಾದರೆ, ಗುಹೆಯ ಹುಳುವಿನದ್ದಕ್ಕೆ ಟೈರೋಸಿನ್ ಮತ್ತು ಕ್ಸಾಂಥುರೆನಿಕ್ ಆಮ್ಲ ಮೂಲ. ಎರಡನೆಯದು ಮೈಯಲ್ಲಿ ಟ್ರಿಪ್ಟೋಫ್ಯಾನ್ ಕರಗುವಾಗ ಹುಟ್ಟುವ ಉಪವಸ್ತು. ಅಂಥ ವಸ್ತುಗಳು ಹಾದುಹೋಗುವ ವಿಸರ್ಜನಾ ನಾಳದಲ್ಲೇ ದೀಪ ಹುಟ್ಟಿದ್ದು ಕೇವಲ ಕಾಕತಾಳೀಯವಲ್ಲ ಎಂದು ನನಗನ್ನಿಸುತ್ತದೆ. ಇದು ನನ್ನ ಊಹೆ, ಸಾಬೀತಾದ ಮಾತಲ್ಲ.

ಇವೆಲ್ಲಕ್ಕಿಂತ ಹೆಚ್ಚಾಗಿ ನನ್ನನ್ನು ಒಪ್ಪಿಸಿದ್ದು 2014ರ ಇನ್ನೊಂದು ಪ್ರಯೋಗ. ಬಾಳೆಹಣ್ಣಿನ ಮೇಲೆ ಮುತ್ತುವ ಹಣ್ಣುನೊಣ ಎಂದೂ ಹೊಳೆದದ್ದಿಲ್ಲ. ಅಮೆರಿಕದ ಸ್ಟೀಫನ್ ಮಿಲ್ಲರ್ ಮತ್ತು ಸಂಗಡಿಗರು ಆ ನೊಣದ ಕೊಬ್ಬಿನ ಕಿಣ್ವವೊಂದಕ್ಕೆ ಪ್ರಯೋಗಾಲಯದಲ್ಲಿ ತಯಾರಿಸಿದ, ಲ್ಯುಸಿಫೆರಿನ್ನನ್ನೇ ಹೋಲುವ ಅಣುವನ್ನು ಕೊಟ್ಟರು. ಕಿಣ್ವ ಬೆಳಕು ಕೊಟ್ಟಿತು. ಅಂದರೆ ಹೊಳೆಯುವ ಸಾಮರ್ಥ್ಯ ಹೊಳೆಯದ ಕೀಟದ ಮೈಯಲ್ಲೂ ಬೀಜರೂಪದಲ್ಲಿ ಮಲಗಿದೆ. ತಕ್ಕ ಇಂಧನ ಸಿಗದೆ ಕತ್ತಲಲ್ಲಿದೆ ಅಷ್ಟೆ. ಡಾರ್ವಿನ್‌ನ ತೊಡಕು ಇಲ್ಲಿ ಸಡಿಲಾಗುತ್ತದೆ. ಬಂದ ಬಳುವಳಿ ದೀಪವಲ್ಲ, ದೀಪವಾಗಬಲ್ಲ ಸಾಮಾನು. ಅದು ಎಲ್ಲರ ಮನೆಯಲ್ಲೂ ಇತ್ತು. ದೀಪ ಮಾಡಿಕೊಂಡವರು ಕೆಲವರು ಮಾತ್ರ.

ವಿಕಾಸ ಎಂಜಿನಿಯರನಲ್ಲ, ಸಿಕ್ಕಿದ್ದರಲ್ಲೇ ಏನಾದರೂ ಮಾಡುವ ಚಿಲ್ಲರೆ ಕುಶಲಿ ಎಂದು ಫ್ರಾನ್ಸಿನ ಜೀವವಿಜ್ಞಾನಿ ಫ್ರಾನ್ಸ್ವಾ ಜಾಕೋಬ್ 1977ರಲ್ಲಿ ವಾದಿಸಿದರು. ಆ ಮಾತನ್ನು ನಮ್ಮ ಕಡೆಯವರಿಗೆ ವಿವರಿಸಬೇಕಾದ್ದೇ ಇಲ್ಲ, ಉತ್ತರ ಕರ್ನಾಟಕದ ಕೌದಿ ನೋಡಿದ್ದರೆ ಸಾಕು. ಹಳೆ ಸೀರೆ, ಹರಿದ ಧೋತರ, ಮಗುವಿನ ಗಿಡ್ಡಾದ ಅಂಗಿ ಸೇರಿ ಹೊದಿಕೆಯಾಗುತ್ತವೆ. ಹೊದಿಕೆ ಬೆಚ್ಚಗಿರುತ್ತದೆ, ಚೆಂದವೂ ಇರುತ್ತದೆ. ಆದರೆ ಯಾವ ತುಂಡೂ ಹೊದಿಕೆಗೆಂದು ನೇಯ್ದದ್ದಲ್ಲ, ಅದರ ಅಂಚಿನಲ್ಲಿ ಹಳೆಯ ಹೊಲಿಗೆಯ ಗುರುತು ಉಳಿದೇ ಇರುತ್ತದೆ.

ಇಲ್ಲಿ ಒಂದು ಗಟ್ಟಿಯಾದ ಆಕ್ಷೇಪಣೆ ಇದೆ. ಮೂರು ಬಾರಿಯೂ ಅದೇ ಕಿಣ್ವಕುಟುಂಬ ದೀಪವಾಯಿತು ಎಂದಮೇಲೆ ಅದು ಸಿಕ್ಕಿದ್ದನ್ನು ಹೊಂದಿಸಿದ್ದು ಹೇಗಾಯಿತು? ಕೀಟ ಹೊಳೆಯಬೇಕಾದರೆ ಇದೊಂದೇ ದಾರಿ, ವಿಕಾಸ ಎಷ್ಟು ಬಾರಿ ಶುರುವಾದರೂ ಇಲ್ಲಿಗೇ ಬರುತ್ತದೆ ಎನ್ನಬಾರದೇಕೆ? ಜೀವಿಗಳ ಇತಿಹಾಸವನ್ನು ಹಿಂದಕ್ಕೆ ಸುತ್ತಿ ಮತ್ತೆ ಓಡಿಸಿದರೆ ಬೇರೆಯೇ ಲೋಕ ಬರುತ್ತದೆ ಎಂದು ಪಳೆಯುಳಿಕೆ ತಜ್ಞ ಸ್ಟೀಫನ್ ಜೇ ಗೂಲ್ಡ್ 1989ರಲ್ಲಿ ಬರೆದರೆ, ಇಲ್ಲ, ಪರಿಹಾರಗಳು ಮರುಕಳಿಸುತ್ತವೆ ಎಂದು ಅದೇ ಕ್ಷೇತ್ರದ ಸೈಮನ್ ಕಾನ್ವೇ ಮಾರಿಸ್ ವಾದಿಸಿದರು. ಗುಹೆಯ ಹುಳು ಎರಡನೆಯವರ ಪಕ್ಷದ ಸಾಕ್ಷಿಯಂತೆ ಕಾಣುತ್ತದೆ.

ಆದರೆ ಅಮೆರಿಕದ ಅಪಲೇಚಿಯನ್ ಬೆಟ್ಟಸಾಲಿನಲ್ಲಿ, ತೊರೆಗಳ ದಂಡೆಯ ಪೊಟರೆಗಳಲ್ಲಿ ಆರ್ಫೀಲಿಯಾ ಫಲ್ಟೋನಿ ಎಂಬ ಇನ್ನೊಂದು ಮರಿಹುಳುವಿದೆ. ವೈಟೊಮೊ ಹುಳುವಿನ ಹಾಗೆಯೇ ಅದೂ ಅಣಬೆ ನುಸಿಗಳ ಬಳಗದ್ದು. ಅದೂ ಬಲೆ ಹೆಣೆಯುತ್ತದೆ, ಅದೂ ಬೆಳಕು ತೋರಿಸಿ ಸಣ್ಣ ಕೀಟಗಳನ್ನು ಸೆಳೆದು ತಿನ್ನುತ್ತದೆ. ಅಷ್ಟು ಹತ್ತಿರದ ನೆಂಟಸ್ತನ, ಅದೇ ವೃತ್ತಿ. ದೀಪ ಮಾತ್ರ ಬೇರೆ ಅಂಗದಲ್ಲಿ, ಬೇರೆ ರಾಸಾಯನಿಕದಲ್ಲಿ. ಅದಕ್ಕೆ ಎಟಿಪಿಯೇ ಬೇಡ. ಅದರ ಬೆಳಕು 460 ನ್ಯಾನೋಮೀಟರಿನ ಗಾಢ ನೀಲಿ, ಕೀಟಗಳಲ್ಲೇ ಅತಿ ನೀಲಿ. ವೈಟೊಮೊದ್ದು 487ರ ಆಸುಪಾಸು. ಹಾಗಾಗಿ ದಾರಿ ಒಂದೇ ಎಂಬ ಮಾತು ನಿಲ್ಲುವುದಿಲ್ಲ. ಕೊಬ್ಬಿನ ಕಿಣ್ವ ಎಲ್ಲರ ಕೈಗೂ ಸುಲಭವಾಗಿ ಸಿಗುತ್ತಿತ್ತು, ಅದಕ್ಕೇ ಹೆಚ್ಚು ಬಾರಿ ಬಳಕೆಯಾಯಿತು. ಸುಲಭಕ್ಕೂ ಅನಿವಾರ್ಯಕ್ಕೂ ವ್ಯತ್ಯಾಸವಿದೆ. ಗೂಲ್ಡ್ ಮತ್ತು ಕಾನ್ವೇ ಮಾರಿಸ್ ಇಬ್ಬರೂ ಈ ಹುಳುಗಳ ವಿಷಯದಲ್ಲಿ ಅರ್ಧರ್ಧ ಸರಿ ಎನ್ನುವುದಕ್ಕಿಂತ, ಅವರ ಜಗಳದ ಪ್ರಶ್ನೆಯೇ ಸ್ವಲ್ಪ ತಪ್ಪಿತ್ತು ಎನ್ನುವುದು ಮೇಲು. ಮರುಕಳಿಸುವುದು ಪರಿಹಾರವಲ್ಲ, ಕೈಗೆ ಮೊದಲು ಸಿಗುವ ಸಾಮಾನು.

ಪರಿಪೂರ್ಣತೆಯ ದಂತಕಥೆಗೆ ಈಗ ಬರಬಹುದು. 1960ರಲ್ಲಿ ಸೆಲಿಗರ್ ಮತ್ತು ಮೆಕ್ಎಲ್ರಾಯ್ ಅಳೆದು, ಮಿಂಚುಹುಳುವಿನ ಲ್ಯುಸಿಫೆರಿನ್ ನೂರು ಅಣು ಉರಿದರೆ ಸುಮಾರು 88 ಬಾರಿ ಬೆಳಕಿನ ಕಣ ಹೊಮ್ಮುತ್ತದೆ ಎಂದರು. ಪಠ್ಯಪುಸ್ತಕಗಳಲ್ಲಿ ಆ 88 ತೊಂಬತ್ತಾಗಿ, ಕ್ರಮೇಣ ನೂರರ ಹತ್ತಿರ ಹೋಯಿತು. ಅಂಕಿಗಳಿಗೂ ವಯಸ್ಸಾದಂತೆ ಗೌರವ ಹೆಚ್ಚುತ್ತದೆ. 2008ರಲ್ಲಿ ಜಪಾನಿನ ತಂಡವೊಂದು ಇನ್ನೂ ಸೂಕ್ಷ್ಮ ಉಪಕರಣಗಳಿಂದ ಅಳೆದಾಗ ಸಿಕ್ಕಿದ್ದು ಸುಮಾರು 41. ಅರ್ಧಕ್ಕಿಂತ ಹೆಚ್ಚು ಅಣುಗಳು ಬೆಳಕು ಕೊಡದೆಯೇ ಉರಿದುಹೋಗುತ್ತವೆ. 41 ಕೆಟ್ಟ ಅಂಕಿಯೇನಲ್ಲ. ಆದರೆ ಅದನ್ನು ಪರಿಪೂರ್ಣ ಎನ್ನಲಾಗದು, ಹುಳುವಿಗೆ ಅಂಥ ಪರಿಪೂರ್ಣತೆ ಬೇಕಾಗಿಯೂ ಇರಲಿಲ್ಲ. ಸಂಗಾತಿಗೆ ಕಾಣುವಷ್ಟಿದ್ದರೆ ಆಯಿತು.

ಇಂಥ ಕುಂದುಗಳು ಇನ್ನೂ ಇವೆ. ಆಸ್ಟ್ರೇಲಿಯಾದ ಅರಾಕ್ನೋಕ್ಯಾಂಪಾ ಫ್ಲಾವಾ ಎಂಬ ಹುಳುವಿಗೆ ಅರಿವಳಿಕೆ ಕೊಟ್ಟರೆ ಅದರ ದೀಪ ಆರುವ ಬದಲು ಹತ್ತಿಕೊಳ್ಳುತ್ತದೆ. ದೀಪ ಉರಿಯುವುದೇ ಅದರ ಸಹಜಸ್ಥಿತಿ. ಹಗಲಿನಲ್ಲಿ ಅದನ್ನು ಅದುಮಿ ಹಿಡಿದಿರಲು ಮಿದುಳು ಕೆಲಸ ಮಾಡಬೇಕು. ಗುಹೆಯ ಚಾವಣಿಯಲ್ಲಿ ಒಂದು ಹುಳು ಪಕ್ಕದ ಹುಳುವಿನ ಜಾಗಕ್ಕೆ ನುಗ್ಗಿದರೆ ಸೋತದ್ದು ಗೆದ್ದದ್ದಕ್ಕೆ ಆಹಾರ. ಕೂಡಲು ಹಾರಿಬಂದ ಸ್ವಜಾತಿಯ ವಯಸ್ಕ ನುಸಿಗಳೂ ಎಷ್ಟೋ ಸಲ ಮರಿಗಳ ಅಂಟಿನೆಳೆಗೇ ಬಲಿಯಾಗುತ್ತವೆ. ಇದನ್ನು ಯಾರಾದರೂ ಯೋಜಿಸಿದ್ದರೆ ಆ ಯೋಜಕನನ್ನು ಕೆಲಸದಿಂದ ತೆಗೆಯಬೇಕಾಗುತ್ತಿತ್ತು.

ಸಾಮಾನಿನ ಹಾಗೆ ಉದ್ದೇಶವೂ ಇಲ್ಲಿ ಕೈಬದಲಾಗಿದೆ. ಮಿಂಚುಹುಳು ಮಿನುಗುವುದು ಪ್ರಣಯಕ್ಕೆ ಎಂದು ಎಲ್ಲರೂ ಬಲ್ಲರು. ಆದರೆ ಈ ಬಳಗದಲ್ಲಿ ತಿಳಿದಿರುವ ಮರಿಗಳೆಲ್ಲ ಹೊಳೆಯುತ್ತವೆ, ಮರಿಗಳಿಗೆ ಪ್ರಣಯದ ಗೊಡವೆ ಇಲ್ಲ. ಮಲೆನಾಡಿನ ಮಳೆಗಾಲದಲ್ಲಿ ಒದ್ದೆ ನೆಲದ ಮೇಲೆ ಬೆಳಕಿನ ಚುಕ್ಕಿಯೊಂದು ತೆವಳುತ್ತಿದ್ದರೆ ಅದು ಬಸವನಹುಳು ಹುಡುಕಿ ಹೊರಟ ಅಂಥ ಮರಿ. ಅದರ ಬೆಳಕು ಯಾರಿಗಾಗಿ? ಯುರೋಪಿನ ಲ್ಯಾಂಪೈರಿಸ್ ಎಂಬ ಹೊಳೆಯುವ ಜೀರುಂಡೆಯ ಮರಿಗಳನ್ನು ನೆಲಗಪ್ಪೆಗಳ ಮುಂದಿಟ್ಟು ನೋಡಿದ ಬೆಲ್ಜಿಯಂನ ಸಂಶೋಧಕರು, ರುಚಿಗೆಟ್ಟ ಬೇಟೆ ಎಂಬ ನೆನಪನ್ನು ಕಪ್ಪೆಗಳು ಹೊಳಪಿನೊಂದಿಗೆ ಬೆಸೆದುಕೊಳ್ಳುತ್ತವೆ ಎಂದು ತೋರಿಸಿದರು. ಬ್ರಾನ್‌ಹ್ಯಾಮ್ ಮತ್ತು ವೆನ್ಜೆಲ್ ಎಂಬ ಕೀಟವಿಜ್ಞಾನಿಗಳು 2003ರಲ್ಲಿ ಮಿಂಚುಹುಳುಗಳ ವಂಶವೃಕ್ಷ ಕಟ್ಟಿ ಹೇಳಿದ್ದೂ ಅದನ್ನೇ. ಮೊದಲಿಗೆ ಬೆಳಕು 'ನನ್ನನ್ನು ತಿನ್ನಬೇಡ' ಎಂಬ ಎಚ್ಚರಿಕೆಯಾಗಿತ್ತು, ವಯಸ್ಕ ಹುಳುಗಳು ಅದನ್ನು ಆಮೇಲೆ ಕರೆಯಾಗಿಸಿಕೊಂಡವು. ಬೆದರಿಕೆ ಆಮಂತ್ರಣವಾಯಿತು. ವೈಟೊಮೊದಲ್ಲಿ ಅದು ಆಮಿಷ. ಆದ್ದರಿಂದ ಹುಳು ಯಾಕೆ ಹೊಳೆಯುತ್ತದೆ ಎಂಬ ಪ್ರಶ್ನೆಗೆ ಒಂದೇ ಉತ್ತರ ಹುಡುಕುವುದು ವ್ಯರ್ಥ. ಯಾವ ಹುಳು, ಯಾವ ವಯಸ್ಸಿನಲ್ಲಿ, ಯಾರ ಕಣ್ಣಿಗೆ ಎಂದು ಕೇಳಬೇಕು.

ಇಷ್ಟೆಲ್ಲ ಹೊಂದಾಣಿಕೆಯ ಬಾಳಾದರೆ ಅದು ಇಷ್ಟು ಕಾಲ ನಡೆದು ಬಂದದ್ದು ಹೇಗೆ ಎಂದು ಕೇಳುವವರಿದ್ದಾರೆ. ನಿಜ, ಸಾಮಾನು ಹಳೆಯದಾದರೂ ಆಯ್ಕೆಯ ಉಜ್ಜಾಟ ಅದನ್ನು ನುಣುಪಾಗಿಸಿದೆ. ಲ್ಯಾಂಪೈರಿಸ್ ನಾಕ್ಟಿಲ್ಯೂಕಾ ಇದಕ್ಕೆ ಒಳ್ಳೆಯ ಉದಾಹರಣೆ. ಹೆಣ್ಣಿಗೆ ರೆಕ್ಕೆಯಿಲ್ಲ, ನೋಡಲು ಮರಿಯಂತೆಯೇ ಇರುತ್ತದೆ. ಎರಡು ಮೂರು ವರ್ಷ ಬಸವನಹುಳು ತಿಂದು ಕೂಡಿಟ್ಟ ಬಂಡವಾಳವನ್ನೇ ಕರಗಿಸುತ್ತಾ, ಏನೂ ತಿನ್ನದೆ, ಸಂಜೆಯಾದರೆ ಹುಲ್ಲಿನ ಎಸಳು ಹತ್ತಿ ಸುಮಾರು 550 ನ್ಯಾನೋಮೀಟರಿನ ಹಸಿರು ಬೆಳಕು ತೋರಿಸುತ್ತದೆ. ಗಂಡಿನ ದೊಡ್ಡ ಕಣ್ಣುಗಳು ಆ ಹಸಿರಿಗೇ ಹದಗೊಂಡಿವೆ. ಹಸಿರಿಗೆ ನೀಲಿ ಬೆರೆಸಿದರೆ ಅದು ಸಮೀಪಿಸುವುದೇ ಕಡಿಮೆಯಾಗುತ್ತದೆ ಎಂದು 2004ರ ಪ್ರಯೋಗ ಹೇಳಿತು. ಗಂಡು ಬಂದು ಕೂಡಿದ ಮೇಲೆ ಹೆಣ್ಣು ದೀಪ ಆರಿಸುತ್ತದೆ, ಮೊಟ್ಟೆಯಿಡುತ್ತದೆ, ಸಾಯುತ್ತದೆ. ಗಂಡು ಬಾರದಿದ್ದರೆ ಮರುಸಂಜೆ ಮತ್ತೆ ಅದೇ ಕೆಲಸ, ಬಂಡವಾಳ ಇನ್ನಷ್ಟು ಕರಗಿರುತ್ತದೆ.

ಎಂಜಿನಿಯರ್ ಇಲ್ಲದಿರುವುದರ ಬೆಲೆ ಕಾಣುವುದು ಇಲ್ಲೇ. ಈ ಉಜ್ಜಾಟ ನಡೆದದ್ದು ರಾತ್ರಿ ಎಂದರೆ ಕತ್ತಲೆಯೇ ಆಗಿದ್ದ ಕಾಲದಲ್ಲಿ. ಸನ್ನಿವೇಶ ಬದಲಾದರೆ ಹೊಸ ದೀಪ ಬರೆದುಕೊಡುವವರು ಯಾರೂ ಇಲ್ಲ, ಸಾಮಾನು ಹೊಂದಿಸಿಕೊಳ್ಳಲು ಮತ್ತೆ ಲಕ್ಷಾಂತರ ವರ್ಷ ಬೇಕು. ವೈಟೊಮೊದಲ್ಲಿ 1970ರ ದಶಕದಲ್ಲಿ ಗುಹೆಯ ಗಾಳಿಯ ಹರಿವು ಬದಲಾಗಿ ತೇವ ಆರಿ, ಹುಳುಗಳು ತೀರಾ ಕಡಿಮೆಯಾದ್ದರಿಂದ 1979ರಲ್ಲಿ ಕೆಲವು ತಿಂಗಳು ಪ್ರವಾಸಿಗರನ್ನೇ ನಿಲ್ಲಿಸಬೇಕಾಯಿತು. ಗುಹೆಗೆ ಬಾಗಿಲು ಹಾಕಬಹುದು, ಬಯಲಿಗೆ ಹಾಕಲಾಗದು. 2023ರಲ್ಲಿ ಸಸೆಕ್ಸ್ ವಿಶ್ವವಿದ್ಯಾಲಯದವರು ಕವಲು ಹಾದಿಯ ಒಂದು ತುದಿಯಲ್ಲಿ ಲ್ಯಾಂಪೈರಿಸ್ ಹೆಣ್ಣನ್ನು ಹೋಲುವ ಹಸಿರು ಎಲ್‌ಇಡಿ ಇಟ್ಟು, ಮೇಲಿನಿಂದ ಬಿಳಿ ಬೆಳಕು ಚೆಲ್ಲಿ ನೋಡಿದರು. ಬಿಳಿ ಬೆಳಕು ಹೆಚ್ಚಿದಷ್ಟೂ ಗುರಿ ಮುಟ್ಟಿದ ಗಂಡುಗಳು ಕಡಿಮೆಯಾದವು. ಅನೇಕ ಗಂಡುಗಳು ಕಣ್ಣನ್ನು ತಲೆಯ ಗುರಾಣಿಯೊಳಗೆ ಎಳೆದುಕೊಂಡು ನಿಂತಲ್ಲೇ ನಿಂತವು.

ಸಂರಕ್ಷಣೆ ಎಂದರೆ ಹುಳುಗಳನ್ನು ಸಾಕಿ ಬಿಡುವುದು ಎಂದುಕೊಂಡವರು ಈ ಪ್ರಯೋಗವನ್ನು ಗಮನಿಸಬೇಕು. ಹುಳು ಇದೆ, ದೀಪ ಇದೆ, ಹಸಿವಿನಲ್ಲಿ ಕಾಯುವ ಹೆಣ್ಣೂ ಇದೆ, ಇಲ್ಲದಿರುವುದು ಕತ್ತಲೆ. ಹಳೆಯ ಹಳದಿ ಸೋಡಿಯಂ ದೀಪಗಳೇನೂ ಸಾಧುವಾಗಿರಲಿಲ್ಲ, ಆದರೆ ಅವುಗಳ ಜಾಗಕ್ಕೆ ಬಂದಿರುವ ಬಿಳಿ ಎಲ್‌ಇಡಿಗಳಲ್ಲಿ ನೀಲಿಯ ಪಾಲು ಹೆಚ್ಚು, ವಿದ್ಯುತ್ ಖರ್ಚು ಕಡಿಮೆಯಾದ್ದರಿಂದ ಕಂಬಗಳೂ ಹೆಚ್ಚು. ಬೇರೆ ಅನೇಕ ಮಾಲಿನ್ಯಗಳಂತೆ ಇದನ್ನು ತೊಳೆಯಲು ದಶಕಗಳು ಬೇಕಿಲ್ಲ. ಬೆಳಕಿಗೆ ಕೆಳಮುಖ ಮುಚ್ಚಳ, ಹುಳುಗಳು ಕಾಣಿಸಿಕೊಳ್ಳುವ ತಿಂಗಳುಗಳಲ್ಲಿ ತೋಟ ಮತ್ತು ಕಾಡಂಚಿನ ರಸ್ತೆಗಳಲ್ಲಿ ಸರಿರಾತ್ರಿಗೆ ಬದಲು ಮುಸ್ಸಂಜೆಯ ಎರಡು ಮೂರು ಗಂಟೆ ದೀಪ ತಗ್ಗಿಸುವುದು, ಇವಿಷ್ಟು ಒಂದು ಪಂಚಾಯಿತಿಯ ಠರಾವಿನಿಂದ ಆಗುವ ಕೆಲಸ. ಮುಸ್ಸಂಜೆ ಎಂಬುದೇ ಮುಖ್ಯ: ಜನ ಮಲಗಿದ ಮೇಲೆ ದೀಪ ಆರಿಸುವುದು ನಮಗೆ ಅನುಕೂಲ, ಆದರೆ ಆ ಹೊತ್ತಿಗೆ ಹೆಣ್ಣುಹುಳು ಆ ದಿನದ ಕರೆ ಮುಗಿಸಿ ಹುಲ್ಲಿನಿಂದ ಇಳಿದಿರುತ್ತದೆ.